ಮುಚ್ಚಿದ ಅಂಗಡಿಯ ಹೆಸರಲ್ಲಿ ಬಂದ ಬಿಲ್ಲು



ಹಾಲಿನವನ ಲೆಕ್ಕ, ತರಕಾರಿಯವನ ಲೆಕ್ಕ, ಗ್ಯಾಸಿನ ಲೆಕ್ಕ ಎಲ್ಲವನ್ನೂ ನಾವು ದಿನದ ದಿನ ನೋಡುವವರು. ಅರ್ಧ ಕಿಲೋ ಹಸಿಮೆಣಸು ಕಡಿಮೆ ಬಂದರೂ ಸಂಜೆಯೊಳಗೆ ಗೊತ್ತಾಗುತ್ತದೆ. ಆದರೆ ಕ್ರೆಡಿಟ್ ಕಾರ್ಡಿನ ಸ್ಟೇಟ್‌ಮೆಂಟ್ ಬಂದಾಗ ನಮ್ಮಲ್ಲಿ ಹಲವರು ಕಡೆಯ ಮೊತ್ತ ಮಾತ್ರ ನೋಡಿ ಹಣ ಕಟ್ಟಿಬಿಡುತ್ತಾರೆ. ಈಚೆಗೆ ನಾಸಿಕ್ ಮತ್ತು ಛತ್ರಪತಿ ಸಂಭಾಜಿನಗರದ ನಮ್ಮವರಲ್ಲಿ ನಡೆದ ಎರಡು ಪ್ರಸಂಗಗಳು ಈ ವಿಷಯ ಬರೆಯಲು ಕಾರಣವಾದವು. ಒಂದರಲ್ಲಿ ನಮ್ಮವರು ಗಿರಾಕಿ, ಇನ್ನೊಂದರಲ್ಲಿ ವ್ಯಾಪಾರಿ.

ನಾಸಿಕ್-ಪುಣೆ ರಸ್ತೆಯಲ್ಲಿ ಹೊಟೇಲು ನಡೆಸುವ ಮಿತ್ರರೊಬ್ಬರ ಸ್ಟೇಟ್‌ಮೆಂಟಿನಲ್ಲಿ ಒಂದು ಬಟ್ಟೆ ಅಂಗಡಿಯ ಹೆಸರಿನಲ್ಲಿ 2,340 ರೂಪಾಯಿ ಖರ್ಚು ಬಿದ್ದಿತ್ತು. ಆ ಅಂಗಡಿ ಬಾಗಿಲು ಹಾಕಿ ಮೂರು ವರ್ಷವಾಗಿದೆ. ಅವರು ಗಾಬರಿಯಿಂದ ಇಂಟರ್ನೆಟ್ಟಿನಲ್ಲಿ ಅಂಗಡಿಯ ಫೋನ್ ನಂಬರ್ ಹುಡುಕಿದರು. ಸಿಕ್ಕಿದ ನಂಬರಿಗೆ ಮಾಡಿದರೆ ಆ ಕಡೆಯವನು ಬಹಳ ಮರ್ಯಾದೆಯಿಂದ ಮಾತನಾಡಿ, ಹಣ ವಾಪಸು ಕೊಡಲು ಮೊಬೈಲಿನಲ್ಲಿ ಒಂದು ಆ್ಯಪ್ ಹಾಕಿಕೊಳ್ಳಿ ಎಂದ. ಪಕ್ಕದಲ್ಲಿದ್ದ ಮಗ ಫೋನ್ ಕಸಿದುಕೊಂಡು ಕತ್ತರಿಸಿದ್ದರಿಂದ ಬಚಾವಾದರು. ಆ ಆ್ಯಪ್ ಹಾಕಿದ್ದರೆ ಅವರ ಮೊಬೈಲಿನ ಪರದೆ ಪೂರ್ತಿ ಅವನಿಗೆ ಕಾಣುತ್ತಿತ್ತು. ಆಗ 2,340 ಅಲ್ಲ, ಖಾತೆಯೇ ಖಾಲಿ.

ಕೊನೆಗೆ ಬ್ಯಾಂಕಿನವರು ಹುಡುಕಿ ಹೇಳಿದ್ದು ಬೇರೆಯೇ. ಹಳೆ ಅಂಗಡಿಯ ಮಾಲೀಕನೇ ಅದೇ ಜಾಗದಲ್ಲಿ ಹೊಸ ಹೆಸರಿನಿಂದ ವ್ಯಾಪಾರ ಮಾಡುತ್ತಿದ್ದ. ಸ್ವೈಪ್ ಮಷೀನು ಮಾತ್ರ ಹಳೆ ಹೆಸರಿನದು. ಮಿತ್ರರ ಸೊಸೆ ತನ್ನ ಆ್ಯಡ್-ಆನ್ ಕಾರ್ಡಿನಲ್ಲಿ ಅಲ್ಲಿ ಬಟ್ಟೆ ತೆಗೆದುಕೊಂಡಿದ್ದರು. ಮೋಸವೂ ಇಲ್ಲ, ಕಳ್ಳತನವೂ ಇಲ್ಲ!

ಸತ್ತ ಅಂಗಡಿಯ ಹೆಸರು ಏಕೆ ಬರುತ್ತದೆ?

ಬೋರ್ಡಿನ ಮೇಲಿನ ಹೆಸರು ಬೇರೆ, ಕಾಗದದ ಮೇಲಿನ ಹೆಸರು ಬೇರೆ ಇರುವುದು ಮೊದಲ ಕಾರಣ. ನಾವೆಲ್ಲ ಬಿಗ್ ಬಜಾರ್ ಎನ್ನುತ್ತಿದ್ದ ಅಂಗಡಿಗಳ ಕಂಪನಿಯ ಹೆಸರು ಫ್ಯೂಚರ್ ರಿಟೇಲ್. 2022ರಲ್ಲಿ ಆ ಅಂಗಡಿಗಳು ಮುಚ್ಚಿದವು, 2024ರ ಜುಲೈಯಲ್ಲಿ ಕಂಪನಿಯನ್ನು ಸಮಾಪನಗೊಳಿಸಲು ನ್ಯಾಯಮಂಡಳಿಯ ಆದೇಶವಾಯಿತು. ಸುಭಿಕ್ಷಾ 2009ರಲ್ಲೇ ಮುಚ್ಚಿತ್ತು. ಜಬಾಂಗ್ ಎಂಬ ಆನ್‌ಲೈನ್ ಬಟ್ಟೆ ಅಂಗಡಿಯನ್ನು 2016ರಲ್ಲಿ ಮಿಂತ್ರಾ ಕೊಂಡಿತು, 2020ರಲ್ಲಿ ಮುಚ್ಚಿತು. ಹೀಗೆ ಕಂಪನಿ ಕೈ ಬದಲಾದಾಗ ಹಳೆ ಹೆಸರು ಕೆಲವು ಕಡೆ ಉಳಿದುಬಿಡುತ್ತದೆ.

ಎರಡನೆಯದು ಕಂತು. ಫ್ರಿಜ್ಜನ್ನೋ ಮಿಕ್ಸರನ್ನೋ ಕಾರ್ಡಿನ ಇಎಂಐ ಮೇಲೆ ತೆಗೆದುಕೊಂಡಿದ್ದರೆ ಬ್ಯಾಂಕು ಅಂಗಡಿಗೆ ಹಣ ಆಗಲೇ ಕೊಟ್ಟಾಗಿದೆ. ಅಂಗಡಿ ಮುಚ್ಚಿದರೂ ಕಂತು ನಿಲ್ಲುವುದಿಲ್ಲ. ಮೂರನೆಯದು, ಹಿಂದೆ ಎಂದೋ ಒಪ್ಪಿಗೆ ಕೊಟ್ಟ ಆಟೋ ಡೆಬಿಟ್. 2021ರ ಅಕ್ಟೋಬರ್ 1ರಿಂದ ಇಂಥ ಕಡಿತಕ್ಕೆ 24 ಗಂಟೆ ಮೊದಲೇ ಸೂಚನೆ ಬರಬೇಕೆಂದು ನಿಯಮವಾಗಿದೆ. ಆ ಮೆಸೇಜನ್ನು ಓದದೆ ಅಳಿಸಬೇಡಿ.

ಊರಿನ ಹೆಸರೂ ಗೊಂದಲ ಮಾಡುತ್ತದೆ. ಔರಂಗಾಬಾದ್ ನಗರ 2023ರಲ್ಲಿ ಛತ್ರಪತಿ ಸಂಭಾಜಿನಗರ ಆಯಿತು, ಆದರೆ ಹಳೆಯ ಮಷೀನುಗಳಲ್ಲಿ ಹಳೆಯ ಹೆಸರೇ ಇರಬಹುದು. ಬಿಹಾರದಲ್ಲಿಯೂ ಒಂದು ಔರಂಗಾಬಾದ್ ಇದೆ. ನಾವು ಆ ಊರಿಗೆ ಹೋಗೇ ಇಲ್ಲ ಎಂದು ಕೂಗಾಡುವ ಮೊದಲು ಜಾಲ್ನಾ ರೋಡಿನಲ್ಲಿ ಊಟ ಮಾಡಿದ್ದು ನೆನಪು ಮಾಡಿಕೊಳ್ಳಬೇಕು.

ಇವಾವುದೂ ಅಲ್ಲವಾದರೆ ಮೋಸವೆಂದೇ ತಿಳಿಯಬೇಕು. ಕಳ್ಳರು ಮೊದಲು ಹತ್ತಿಪ್ಪತ್ತು ರೂಪಾಯಿ ಎಳೆದು ಕಾರ್ಡು ನಡೆಯುತ್ತದೆಯೇ ಎಂದು ಪರೀಕ್ಷಿಸುತ್ತಾರೆ. ಚಿಕ್ಕ ಮೊತ್ತವೆಂದು ಬಿಟ್ಟರೆ ಮುಂದಿನದು ದೊಡ್ಡದು.

ಏನು ಮಾಡಬೇಕು?

1. ಮನೆಯವರನ್ನು, ಮ್ಯಾನೇಜರನ್ನು, ಖರೀದಿಗೆ ಕಾರ್ಡು ಒಯ್ಯುವವರನ್ನು ಕೇಳಿ. ಇದಕ್ಕೆ ಒಂದು ಗಂಟೆ ಸಾಕು. ಉತ್ತರ ಸಿಗದಿದ್ದರೆ ತಡ ಮಾಡಬೇಡಿ.

2. ಮುಚ್ಚಿದ ಅಂಗಡಿಯ ಕಸ್ಟಮರ್ ಕೇರ್ ನಂಬರನ್ನು ಇಂಟರ್ನೆಟ್ಟಿನಲ್ಲಿ ಹುಡುಕಬೇಡಿ. ಅಂಗಡಿಯೇ ಇಲ್ಲದ ಮೇಲೆ ಫೋನ್ ಎತ್ತುವವನು ಯಾರು? ಕಾರ್ಡಿನ ಹಿಂಬದಿಯಲ್ಲಿ ಅಚ್ಚಾದ ಬ್ಯಾಂಕಿನ ನಂಬರಿಗೇ ಮಾಡಿ.

3. ಮೊದಲು ಕಾರ್ಡ್ ಬ್ಲಾಕ್ ಮಾಡಿಸಿ, ನಂತರ ದೂರು ಬರೆಸಿ, ದೂರಿನ ನಂಬರ್ ಪಡೆಯಿರಿ. ಅದೇ ದಿನ ಇಮೇಲಿನಲ್ಲಿಯೂ ಬರೆಯಿರಿ. ವ್ಯಾಪಾರಿಯ ಪೂರ್ತಿ ಹೆಸರು, ಮಷೀನಿನಲ್ಲಿ ನಡೆದದ್ದೇ ಆನ್‌ಲೈನೇ, ಪಿನ್ ಅಥವಾ ಒಟಿಪಿ ಬಳಕೆಯಾಗಿದೆಯೇ, ಈ ಮೂರನ್ನೂ ಕೇಳಿ. ಅರ್ಧ ಉತ್ತರ ಇದರಲ್ಲೇ ಸಿಗುತ್ತದೆ.

4. ಮೋಸವೆಂದು ಖಚಿತವಾದರೆ 1930 ನಂಬರಿಗೆ ಫೋನ್ ಮಾಡಿ ಸೈಬರ್ ದೂರು ಕೊಡಿ.

5. ಬಾಕಿ ಬಿಲ್ಲನ್ನು ಗಡುವಿನೊಳಗೆ ಕಟ್ಟಿ. ಸಿಟ್ಟಿನಿಂದ ಪೂರ್ತಿ ಬಿಲ್ಲು ನಿಲ್ಲಿಸಿದರೆ ಬಡ್ಡಿ ಏರುತ್ತದೆ, ಸಿಬಿಲ್ ಕೆಡುತ್ತದೆ. ನಾಳೆ ಹೊಸ ಕಿಚನ್ನಿಗೆ ಸಾಲ ಕೇಳುವಾಗ ಇದೇ ಅಡ್ಡ ಬರುತ್ತದೆ. ಮೋಸವೆಂದು ದೂರು ಕೊಟ್ಟ ಮೊತ್ತದ ಮೇಲೆ ತೀರ್ಮಾನವಾಗುವವರೆಗೆ ಶುಲ್ಕ ಹಾಕುವಂತಿಲ್ಲ ಎಂದು ರಿಸರ್ವ್ ಬ್ಯಾಂಕಿನ ಕ್ರೆಡಿಟ್ ಕಾರ್ಡ್ ನಿರ್ದೇಶನ ಹೇಳಿದೆ. ಪತ್ರದಲ್ಲಿ ಇದನ್ನು ನೆನಪಿಸಿ.

ಮೂರು ದಿನದ ಬೆಲೆ

ರಿಸರ್ವ್ ಬ್ಯಾಂಕ್ 2017ರ ಜುಲೈ 6ರಂದು ಹೊರಡಿಸಿದ ಸುತ್ತೋಲೆ ನಮ್ಮಂಥವರಿಗೆ ದೊಡ್ಡ ರಕ್ಷಣೆ ಕೊಟ್ಟಿತು. ನಮ್ಮ ತಪ್ಪೂ ಬ್ಯಾಂಕಿನ ತಪ್ಪೂ ಇಲ್ಲದೆ ಹಣ ಹೋಗಿದ್ದು, ಮೂರು ಕೆಲಸದ ದಿನಗಳೊಳಗೆ ತಿಳಿಸಿದರೆ ನಷ್ಟ ನಮ್ಮದಲ್ಲ. ನಾಲ್ಕರಿಂದ ಏಳು ದಿನದೊಳಗಾದರೆ, 5 ಲಕ್ಷದವರೆಗಿನ ಮಿತಿಯ ಕಾರ್ಡಿಗೆ ಹೆಚ್ಚೆಂದರೆ 10,000 ರೂಪಾಯಿ, ಅದಕ್ಕಿಂತ ದೊಡ್ಡ ಕಾರ್ಡಿಗೆ 25,000 ರೂಪಾಯಿವರೆಗೆ ನಮ್ಮ ತಲೆಗೆ ಬರುತ್ತದೆ. ಏಳು ದಿನ ದಾಟಿದರೆ ಬ್ಯಾಂಕಿನ ನೀತಿಯಂತೆ. ದೂರು ಕೊಟ್ಟ ಹತ್ತು ಕೆಲಸದ ದಿನಗಳಲ್ಲಿ ಹಣವನ್ನು ತಾತ್ಕಾಲಿಕವಾಗಿ ಜಮಾ ಮಾಡಬೇಕು, 90 ದಿನಗಳಲ್ಲಿ ತೀರ್ಮಾನಿಸಬೇಕು, ತಪ್ಪು ಗಿರಾಕಿಯದು ಎಂದಾದರೆ ಅದನ್ನು ಬ್ಯಾಂಕೇ ಸಾಬೀತು ಮಾಡಬೇಕು ಎಂದೂ ಅದರಲ್ಲಿತ್ತು. ಇಂಥ ನಿಯಮಗಳು ಆಗಾಗ ತಿದ್ದುಪಡಿಯಾಗುವುದರಿಂದ ದೂರು ಕೊಡುವಾಗ ಸದ್ಯದ ನಿಯಮವನ್ನು ಬ್ಯಾಂಕಿನಿಂದಲೇ ಕೇಳಿಕೊಳ್ಳಿ.

ಗಮನಿಸಬೇಕಾದ ಮಾತೆಂದರೆ, ದಿನದ ಎಣಿಕೆ ಶುರುವಾಗುವುದು ಬ್ಯಾಂಕಿನ ಮೆಸೇಜ್ ಬಂದಾಗಿನಿಂದ, ತಿಂಗಳ ಕೊನೆಯ ಸ್ಟೇಟ್‌ಮೆಂಟಿನಿಂದ ಅಲ್ಲ. ನಮ್ಮಲ್ಲಿ ಎಷ್ಟೋ ಮಂದಿಯ ಕಾರ್ಡಿಗೆ ಊರಿನ ಹಳೆ ಸಿಮ್ಮೋ, ಕೆಲಸ ಬಿಟ್ಟುಹೋದ ಮ್ಯಾನೇಜರನ ನಂಬರೋ ಜೋಡಣೆಯಾಗಿದೆ. ನಾಳೆಯೇ ಹೋಗಿ ಬದಲಿಸಿ. ವಿದೇಶದ ಸೈಟುಗಳಲ್ಲಿ ಒಟಿಪಿ ಇಲ್ಲದೆಯೂ ಹಣ ಹೋಗಬಹುದು. ಆದ್ದರಿಂದ ಬ್ಯಾಂಕಿನ ಆ್ಯಪಿನಲ್ಲಿ ವಿದೇಶಿ ವ್ಯವಹಾರವನ್ನು ಬಂದ್ ಮಾಡಿಡಿ, ಬೇಕಾದಾಗ ತೆರೆಯಿರಿ. ಬ್ಯಾಂಕು 30 ದಿನಗಳಲ್ಲಿ ಉತ್ತರಿಸದಿದ್ದರೆ ರಿಸರ್ವ್ ಬ್ಯಾಂಕಿನ ಓಂಬುಡ್ಸ್‌ಮನ್‌ಗೆ ದೂರು ಕೊಡಬಹುದು. ಅದಕ್ಕೆ ಶುಲ್ಕವಿಲ್ಲ, ವಕೀಲರೂ ಬೇಡ.

ಗಲ್ಲಾದ ಈ ಕಡೆಯಿಂದ

ಈಗ ಎರಡನೆಯ ಪ್ರಸಂಗ. ಸಂಭಾಜಿನಗರದ ಬಂಧುಗಳೊಬ್ಬರು ಹೊಟೇಲನ್ನು ನವೀಕರಿಸಿ ಹೊಸ ಹೆಸರಿನ ಬೋರ್ಡು ಹಾಕಿದರು. ಮಷೀನಿನಲ್ಲಿ ಹಳೆ ಹೆಸರೇ ಉಳಿಯಿತು. ವೇರೂಳ ಲೇಣಿ ನೋಡಿ ಬಂದ ಪುಣೆಯ ಕುಟುಂಬವೊಂದು 4,860 ರೂಪಾಯಿಯ ಊಟ ಮಾಡಿ ಕಾರ್ಡನ್ನು ಮಷೀನಿಗೆ ತಾಗಿಸಿ ಹೋಯಿತು. 2021ರಿಂದ 5,000 ರೂಪಾಯಿವರೆಗೆ ತಾಗಿಸಿದರೆ ಪಿನ್ ಬೇಡ. ತಿಂಗಳ ನಂತರ ಸ್ಟೇಟ್‌ಮೆಂಟಿನಲ್ಲಿ ಹಳೆ ಹೆಸರು ನೋಡಿದ ಆ ಗಿರಾಕಿ ಗೂಗಲ್‌ನಲ್ಲಿ ಹುಡುಕಿದರೆ 'ಶಾಶ್ವತವಾಗಿ ಮುಚ್ಚಿದೆ' ಎಂದು ಬಂತು. ಅವರೂ ಸುಳ್ಳು ಹೇಳಲಿಲ್ಲ, ಮೋಸವೆಂದೇ ತಿಳಿದು ದೂರು ಕೊಟ್ಟರು. ಬ್ಯಾಂಕು ನಮ್ಮವರಿಂದ ಚಾರ್ಜ್ ಸ್ಲಿಪ್ ಕೇಳಿತು. ಸ್ಲಿಪ್ಪು ಸಿಕ್ಕಿತು, ಆದರೆ ಅಡಿಗೆಮನೆಯ ಬಿಸಿಗೆ ಅಕ್ಷರವೆಲ್ಲ ಮಾಸಿ ಬಿಳಿ ಕಾಗದ! ಊಟವೂ ಹೋಯಿತು, ಹಣವೂ ಹೋಯಿತು.

ಹೊಟೇಲನ್ನು ಕಂಡಕ್ಟ್ ಮೇಲೆ ಕೊಡುವುದು, ಪಾಲುದಾರಿಕೆ ಬಿಡಿಸಿಕೊಳ್ಳುವುದು, ಹೆಸರು ಬದಲಿಸುವುದು ನಮ್ಮ ಧಂದೆಯಲ್ಲಿ ಸಾಮಾನ್ಯ. ಆಗ ಫುಡ್ ಲೈಸೆನ್ಸ್, ಜಿಎಸ್‌ಟಿ ನೆನಪಾಗುತ್ತದೆ, ಸ್ವೈಪ್ ಮಷೀನು ನೆನಪಾಗುವುದಿಲ್ಲ. ಆದ್ದರಿಂದ:

ಬೋರ್ಡು ಬದಲಿಸಿದ ವಾರದಲ್ಲೇ ಮಷೀನಿನ ಹೆಸರು, ಊರು ಬದಲಿಸಲು ಬ್ಯಾಂಕಿಗೆ ಬರೆದುಕೊಡಿ. ನಂತರ ನಿಮ್ಮದೇ ಕಾರ್ಡಿನಲ್ಲಿ ಹತ್ತು ರೂಪಾಯಿ ಹೊಡೆದು ಯಾವ ಹೆಸರು ಬರುತ್ತದೆಂದು ನೋಡಿ.

ಹೆಸರು ಬದಲಾಗುವವರೆಗೆ ಬಿಲ್ಲಿನ ಕೆಳಗೆ 'ಸ್ಟೇಟ್‌ಮೆಂಟಿನಲ್ಲಿ ಇಂಥ ಹೆಸರು ಬರುತ್ತದೆ' ಎಂದು ಮುದ್ರಿಸಿ. ಗಲ್ಲಾದ ಮೇಲೂ ಒಂದು ಚೀಟಿ ಅಂಟಿಸಿ.

ಸ್ಲಿಪ್ಪುಗಳ ಫೋಟೋ ತೆಗೆದು ಬಿಲ್ ನಂಬರ್ ಸಹಿತ ಇಡಿ. ಕಾರ್ಡಿನ ವಿವಾದ ಎತ್ತಲು ಗಿರಾಕಿಗೆ ಸಾಮಾನ್ಯವಾಗಿ ನಾಲ್ಕು ತಿಂಗಳ ಅವಕಾಶವಿರುತ್ತದೆ, ನಮಗೆ ಉತ್ತರಿಸಲು ಸಿಗುವುದು ಕೆಲವೇ ದಿನ. ಬ್ಯಾಂಕಿನ ಇಮೇಲನ್ನು ದಿನವೂ ನೋಡುವ ಒಬ್ಬರನ್ನು ನೇಮಿಸಿ.

ಹೊಟೇಲು ಮುಚ್ಚುವಾಗ ಮಷೀನನ್ನು ಹಿಂದಿರುಗಿಸಿ ರಸೀದಿ ಪಡೆಯಿರಿ. ಇಲ್ಲವಾದರೆ ಅದರ ಬಾಡಿಗೆ ಖಾತೆಯಿಂದ ಕಡಿತವಾಗುತ್ತಲೇ ಇರುತ್ತದೆ, ನಿಮ್ಮ ಹೆಸರಲ್ಲಿ ಬೇರೆಯವರು ವ್ಯಾಪಾರ ಮಾಡುವ ಅಪಾಯವೂ ಇದೆ.

ನಾಸಿಕ್-ತ್ರ್ಯಂಬಕೇಶ್ವರದ ಸಿಂಹಸ್ಥ ಕುಂಭಮೇಳದ ಮುಖ್ಯ ಸ್ನಾನಗಳು 2027ರಲ್ಲಿವೆ. ದೇಶದ ಎಲ್ಲ ಮೂಲೆಗಳ ಗಿರಾಕಿಗಳು ನಮ್ಮ ಮೇಜಿಗೆ ಬಂದು, ಮತ್ತೆ ಎಂದೂ ಕಾಣದಂತೆ ಹೋಗುತ್ತಾರೆ. ಅವರಿಗೆ ನಮ್ಮ ಇಡ್ಲಿ-ಸಾಂಬಾರಿನ ರುಚಿ ನೆನಪಿರಬಹುದು, ಆದರೆ ತಿಂಗಳ ಕೊನೆಗೆ ಅವರ ಕೈಗೆ ಬರುವುದು ಮಷೀನಿನಲ್ಲಿರುವ ಹೆಸರು ಮಾತ್ರ. ಆ ಹೆಸರು ಏನೆಂದು ಇಂದೇ ಒಂದು ಸ್ಲಿಪ್ ತೆಗೆದು ಓದಿ ನೋಡಿ.