ಗೀಸರು ಕೊಡುವ ನೋಟೀಸು

ಊರಿನ ಮನೆಗಳಲ್ಲಿ ಬಚ್ಚಲ ಹಂಡೆ ಎಲ್ಲರ ಕಣ್ಣೆದುರಿಗೇ ಇರುತ್ತಿತ್ತು. ತಳಕ್ಕೆ ಎಷ್ಟು ಮಸಿ ಹತ್ತಿದೆ, ಒಲೆಯ ಹೊಗೆ ಗವಾಕ್ಷಿಯಿಂದ ಸರಿಯಾಗಿ ಹೋಗುತ್ತಿದೆಯೇ, ಎಲ್ಲಾದರೂ ನೀರು ಜಿನುಗುತ್ತಿದೆಯೇ ಎಂಬುದನ್ನು ಮನೆಯ ಹಿರಿಯರು ದಿನವೂ ನೋಡುತ್ತಿದ್ದರು. ಅದೂ ಸಾಲದೆಂಬಂತೆ ನೀರು ತುಂಬುವ ಹಬ್ಬದ ದಿನ ಹಂಡೆಯನ್ನು ಹುಣಿಸೆಹಣ್ಣು ಹಚ್ಚಿ ಬೆಳಗಿ, ಕೊರಳಿಗೆ ಹಿಂಡಲೆಕಾಯಿಯ ಬಳ್ಳಿ ಕಟ್ಟಿ, ಹೊಸ ನೀರು ತುಂಬುವುದು. ವರ್ಷಕ್ಕೊಮ್ಮೆಯಾದರೂ ಒಳಹೊರಗಿನ ತಪಾಸಣೆ ತಪ್ಪುತ್ತಿರಲಿಲ್ಲ.

ಠಾಣೆ, ಕಲ್ಯಾಣ, ಡೊಂಬಿವಲಿಯ ಚಾಳುಗಳಿಗೆ ಬಂದು ನೆಲೆಸಿದ ನಮ್ಮವರಿಗೆ ಇಲ್ಲಿಯ ತಾಮ್ರದ ಬಂಬದ ಪರಿಚಯವಾಯಿತು. ನಡುವೆ ಕೆಂಡದ ಕೊಳವೆ, ಸುತ್ತ ನೀರು. ಅದೂ ಕಣ್ಣಿಗೆ ಕಾಣುವ ವಸ್ತುವೇ. ಈಗಿನ ಫ್ಲ್ಯಾಟುಗಳ ಗೀಸರು ಹಾಗಲ್ಲ. ಬಚ್ಚಲ ಅಟ್ಟದಲ್ಲಿ, ಹಳೆಯ ಬಕೆಟ್ಟು, ಗಣಪತಿ ಮಂಟಪದ ಥರ್ಮೊಕೋಲುಗಳ ಹಿಂದೆ ಅದರ ವಾಸ. ಗುಂಡಿ ಒತ್ತಿದೊಡನೆ ಬಿಸಿನೀರು ಬರುವವರೆಗೆ ಅದನ್ನು ವಿಚಾರಿಸುವವರಿಲ್ಲ. ಆದರೂ ಅದು ಕೈಕೊಡುವ ಮೊದಲು ಸಾಮಾನ್ಯವಾಗಿ ನೋಟೀಸು ಕೊಡುತ್ತದೆ. ಕಛೇರಿಯ ಟಪಾಲು ಓದಿ ರೂಢಿಯಾದ ನಮಗೆ ಅದನ್ನೂ ಓದಿಕೊಳ್ಳೋಣವೆನಿಸಿತು; ಓದಿದ್ದನ್ನು ವಾಚಕರಿಗೂ ಹೇಳುತ್ತಿದ್ದೇವೆ.

ಮೊದಲು ವಿದ್ಯುತ್ತಿನ ಗೀಸರು. ಅದರ ಹೊಟ್ಟೆಯಲ್ಲಿ ದೊಡ್ಡ ರಹಸ್ಯವೇನಿಲ್ಲ. ಒಂದು ತೊಟ್ಟಿ, ನೀರು ಕಾಯಿಸುವ ಎಲಿಮೆಂಟು, ಸಾಕಷ್ಟು ಕಾದಾಗ ವಿದ್ಯುತ್ತನ್ನು ನಿಲ್ಲಿಸುವ ಥರ್ಮೋಸ್ಟಾಟು, ಅದು ಮರೆತರೆ ತಾನು ಕೈಹಾಕುವ ಕಟೌಟು, ಒತ್ತಡ ಮೀರಿದರೆ ನೀರು ಹೊರಬಿಡುವ ವಾಲ್ವು, ಮತ್ತು ಮೆಗ್ನೀಸಿಯಮ್ಮಿನ ಒಂದು ಕಡ್ಡಿ. ಈ ಕಡ್ಡಿಯ ಕೆಲಸ ವಿಚಿತ್ರವಾದುದು. ಉಕ್ಕಿಗಿಂತ ಬೇಗ ಸವೆಯುವ ಗುಣವಿರುವುದರಿಂದ ನೀರು ಮೊದಲು ಅದನ್ನು ತಿನ್ನುತ್ತದೆ, ತೊಟ್ಟಿ ಉಳಿಯುತ್ತದೆ. ಕಡ್ಡಿ ಮುಗಿದ ಮೇಲೆ ತೊಟ್ಟಿಯ ಸರದಿ. ಎರಡು ವರ್ಷಕ್ಕೊಮ್ಮೆ, ಬೋರಿನ ಇಲ್ಲವೆ ಟ್ಯಾಂಕರಿನ ನೀರು ಬಳಸುವ ಕಟ್ಟಡಗಳಲ್ಲಿ ವರ್ಷಕ್ಕೊಮ್ಮೆ, ಇದನ್ನು ಬಿಚ್ಚಿಸಿ ನೋಡಬೇಕು. ಹೊಸ ಕಡ್ಡಿಯ ಬೆಲೆ ಹೊಸ ಗೀಸರಿನ ಬೆಲೆಯ ಅಲ್ಪಾಂಶ. ಆದರೂ ಹತ್ತು ವರ್ಷ ಗೀಸರು ಬಳಸಿದವರಲ್ಲಿ ಕಡ್ಡಿಯ ಹೆಸರನ್ನೇ ಕೇಳದವರು ಬಹಳ ಮಂದಿ.

ಕೆಂಪು ನೀರು ಕಂಡರೆ ಗಾಬರಿಯಾಗುವ ಮೊದಲು ತಣ್ಣೀರಿನ ನಲ್ಲಿಯನ್ನೂ ತಿರುಗಿಸಿ. ಎರಡರಲ್ಲೂ ಕೆಂಪಾದರೆ ತಪ್ಪು ಗೀಸರಿನದಲ್ಲ. ಕಟ್ಟಡದ ಟಾಕಿಯದೋ ಹಳೆಯ ಪೈಪಿನದೋ. ಬಿಸಿನೀರು ಮಾತ್ರ ಕೆಂಪಾದರೆ ಒಳಗೆ ತುಕ್ಕು ಹಿಡಿದಿದೆ. ನೀರು ಕಾಯುವಾಗ ಗುಡುಗುಡು, ಚಟಚಟ ಸದ್ದು ಬಂದರೆ ಎಲಿಮೆಂಟಿನ ಮೇಲೂ ತಳದಲ್ಲೂ ಸುಣ್ಣದ ಹೆಕ್ಕಳೆ ಕಟ್ಟಿದೆ. ಮಳೆಯ ನೀರು ಹಿಡಿದಿಟ್ಟ ಬಾರವಿ, ಮೋರಬೆ ಅಣೆಕಟ್ಟುಗಳ ನೀರಿಗಿಂತ ಬೋರಿನ ನೀರಿನಲ್ಲಿ ಇದು ಹೆಚ್ಚು. ಶೀತದೇಶಗಳಲ್ಲಿ ನೆಲೆಸಿದ ನಮ್ಮ ಬಂಧುಗಳು ಮನೆ ಬೆಚ್ಚಗಿಡುವ ರೇಡಿಯೇಟರಿನ ಮೇಲ್ಭಾಗ ಬಿಸಿಯಾಗಿದ್ದು ತಳ ತಣ್ಣಗಿದ್ದರೆ ಒಳಗೆ ಕೆಸರು ಕೂತಿದೆಯೆಂದು ತಿಳಿಯುತ್ತಾರಂತೆ. ದೇಶ ಬೇರೆ, ರೋಗ ಹತ್ತಿರದ್ದೇ.

ಒಂದು ಲೆಕ್ಕ ಹೇಳುತ್ತೇವೆ. ಗುಮಾಸ್ತರಿಗೆ ಲೆಕ್ಕದ ಚಟ, ಕ್ಷಮಿಸಬೇಕು. 15 ಲೀಟರಿನ, 2000 ವಾಟಿನ ಗೀಸರು 25 ಡಿಗ್ರಿಯ ನೀರನ್ನು 60 ಡಿಗ್ರಿಗೆ ತರಲು ಸುಮಾರು 18 ನಿಮಿಷ ಸಾಕು. ತೊಟ್ಟಿ ಪೂರ್ತಿ ತಣ್ಣಗಿರುವಾಗ ಗಡಿಯಾರ ಇಟ್ಟು ನೋಡಿ. ಬಹಳ ಮೊದಲೇ ಕೆಂಪು ದೀಪ ಆರಿ ನೀರು ಉಗುರುಬೆಚ್ಚಗಿದ್ದರೆ ಥರ್ಮೋಸ್ಟಾಟು ಅವಸರಪಡುತ್ತಿದೆ. ಅದಕ್ಕೆ ಹೆದರಬೇಕಿಲ್ಲ. ಹೆದರಬೇಕಾದದ್ದು ದೀಪ ಆರದೇ ಇದ್ದಾಗ, ನಲ್ಲಿಯಿಂದ ನೀರಿನೊಡನೆ ಹಬೆ ನುಗ್ಗಿದಾಗ. ಆಗ ಥರ್ಮೋಸ್ಟಾಟೂ ಕಟೌಟೂ ಎರಡೂ ಸೋತಿವೆ. ಉಳಿದಿರುವ ಕಾವಲುಗಾರ ವಾಲ್ವು ಒಂದೇ. ನೀರು ಹಬೆಯಾದರೆ 1600 ಪಟ್ಟಿಗಿಂತ ಹೆಚ್ಚು ಹಿಗ್ಗುತ್ತದೆ. ಕಾಯುವಾಗ ವಾಲ್ವಿನಿಂದ ನಾಲ್ಕು ಹನಿ ತೊಟ್ಟಿಕ್ಕುವುದು ಸಹಜ. ಅದನ್ನು ಸೋರಿಕೆಯೆಂದು ತಿಳಿದು ಎಮ್‌ಸೀಲು ಮೆತ್ತಿ ಬಾಯಿ ಮುಚ್ಚಿಸುವವರನ್ನು ನಾವು ಕಣ್ಣಾರೆ ಕಂಡಿದ್ದೇವೆ. ಅಂಥವರು ಮನೆಯೊಳಗೆ ಬಾಂಬು ಕಟ್ಟಿಕೊಂಡಂತೆಯೇ ಸರಿ.

ಜೋಡಣೆಯಲ್ಲಿ ನೀರು ಜಿನುಗಿದರೆ ವಾಶರು ಬದಲಾಯಿಸಿದರಾಯಿತು. ತೊಟ್ಟಿಯ ಮೈಯಿಂದಲೇ ಜಿನುಗಿದರೆ ಅದರ ಆಯುಷ್ಯ ಮುಗಿಯಿತು. ಬೆಸುಗೆಗೆ ಹಣ ಸುರಿಯಬೇಡಿ.

ನಲ್ಲಿ ಮುಟ್ಟಿದರೆ ಬೆರಳಿಗೆ ಜುಮ್ಮೆನ್ನುತ್ತದೆಯೇ? ಆ ಕ್ಷಣವೇ ಕೈ ತೆಗೆದು, ಹೊರಗೆ ಬಂದು, ಮೈನ್ ಸ್ವಿಚ್ಚು ಆರಿಸಿ. ಎಲಿಮೆಂಟಿನ ಕವಚ ಒಡೆದು ಕರೆಂಟು ನೀರಿಗೆ ಇಳಿದಿರಬಹುದು. 30 ಮಿಲಿ ಆಂಪಿಯರಿಗೆ ಬೀಳುವ ರಕ್ಷಣಾ ಸ್ವಿಚ್ಚು ಹಾಕಿಸಿಕೊಂಡವರ ಮನೆಯಲ್ಲಿ ಅದು ತಾನೇ ಬೀಳುತ್ತದೆ. ಆಗ ಅದನ್ನು ಮತ್ತೆ ಮತ್ತೆ ಮೇಲೆತ್ತುವುದು, ಬಾಗಿಲು ತಟ್ಟಿ ಎಚ್ಚರಿಸಿದವನ ಬಾಯಿ ಮುಚ್ಚಿದಂತೆ. ಹಳೆಯ ಕಟ್ಟಡಗಳಲ್ಲಿ ಮೂರು ಕಣ್ಣಿನ ಪ್ಲಗ್ಗು ಇದ್ದರೂ ಮೂರನೆಯ ಕಣ್ಣಿಗೆ ಭೂಸಂಪರ್ಕದ ತಂತಿಯೇ ಇಲ್ಲದಿರುವುದುಂಟು. ಬಾಡಿಗೆಗೆ ಹೋಗುವಾಗ ನೀರಿನ ವೇಳೆ ವಿಚಾರಿಸುವಂತೆ ಇದನ್ನೂ ಪರೀಕ್ಷಿಸಿಕೊಳ್ಳುವುದು ಮೇಲು.

ಇನ್ನು ಗ್ಯಾಸಿನ ಗೀಸರು. ಕೊಳವೆಯ ಗ್ಯಾಸು ನಮ್ಮ ಭಾಗಕ್ಕೆ ಬಂದಂದಿನಿಂದ ಇದರ ಮೋಹ ಹೆಚ್ಚಿದೆ; ಬೆಳಗಿನ ಲೋಕಲಿಗೆ ಓಡುವ ನಾಲ್ವರು ಒಬ್ಬರ ಹಿಂದೊಬ್ಬರು ಮೀಯುವ ಮನೆಗೆ ಇದರಷ್ಟು ಅನುಕೂಲ ಬೇರಿಲ್ಲವೆಂಬುದು ನಿಜ. 1868ರಲ್ಲಿ ಲಂಡನ್ನಿನ ಬೆಂಜಮಿನ್ ವಾಡಿ ಮಾಘನ್ ಎಂಬಾತ ಗ್ಯಾಸಿನಿಂದ ತಕ್ಷಣ ನೀರು ಕಾಯಿಸುವ ಯಂತ್ರ ಮಾಡಿ, ಐಸ್‌ಲ್ಯಾಂಡಿನ ಬಿಸಿನೀರ ಬುಗ್ಗೆಯ ಹೆಸರನ್ನು ಅದಕ್ಕಿಟ್ಟ. ಗಣೇಶಪುರಿಯ ಕುಂಡ ನೋಡಿದ ನಮಗೆ ಆ ಹೆಸರಿನ ಔಚಿತ್ಯ ತಿಳಿಯುತ್ತದೆ. ಆತನ ಯಂತ್ರಕ್ಕೆ ಹೊಗೆ ಹೊರಹೋಗುವ ಕೊಳವೆಯಿರಲಿಲ್ಲ. ಒಂದೂವರೆ ಶತಮಾನ ಕಳೆದರೂ ನಮ್ಮ ಎಷ್ಟೋ ಬಚ್ಚಲುಮನೆಗಳಲ್ಲಿ ಅದೇ ಕೊರತೆ ಉಳಿದಿದೆ.

ಗ್ಯಾಸು ಸೋರಿದರೆ ವಾಸನೆ ಬರುತ್ತದೆ. ತಿಳಿಯಲೆಂದೇ ಅದಕ್ಕೆ ವಾಸನೆ ಬೆರೆಸಿರುತ್ತಾರೆ. ಆದರೆ ಗಾಳಿ ಸಾಲದೆ ಗ್ಯಾಸು ಅರೆಬರೆ ಉರಿದಾಗ ಹುಟ್ಟುವ ಕಾರ್ಬನ್ ಮೊನಾಕ್ಸೈಡಿಗೆ ಬಣ್ಣವಿಲ್ಲ, ವಾಸನೆಯಿಲ್ಲ. ರಕ್ತದ ಹಿಮೋಗ್ಲೋಬಿನ್ನಿಗೆ ಅದು ಆಮ್ಲಜನಕಕ್ಕಿಂತ 200 ಪಟ್ಟಿಗೂ ಬಲವಾಗಿ ಅಂಟಿಕೊಳ್ಳುತ್ತದೆ. ಉಸಿರಾಟ ನಡೆದೇ ಇರುತ್ತದೆ, ಮೈಗೆ ಪ್ರಾಣವಾಯು ಸಿಗುವುದಿಲ್ಲ.

ನಮ್ಮ ನೆರೆಮನೆಯ ಹುಡುಗಿಗೆ ಒಂದು ಜನವರಿಯಲ್ಲಿ ವಾರವಿಡೀ ಬೆಳಿಗ್ಗೆ ತಲೆನೋವು. ಕಾಲೇಜು ತಲುಪುವಷ್ಟರಲ್ಲಿ ಮಾಯ. ಪರೀಕ್ಷೆಯ ಓದೆಂದರು, ಕಣ್ಣು ತೋರಿಸಿದರು, ಕನ್ನಡಕಕ್ಕೂ ಅಳತೆ ಕೊಟ್ಟರು. ಬಚ್ಚಲ ಕಿಂಡಿಗೆ ಚಳಿಗೆಂದು ರಟ್ಟು ಮುಚ್ಚಿದ್ದು ಯಾರಿಗೂ ನೆನಪಾಗಲಿಲ್ಲ. ಒಂದು ದಿನ ಒಳಗೆ ತಂಬಿಗೆ ಬಿದ್ದ ಸದ್ದು. ತಾಯಿ ಕೂಗಿದರೆ ಉತ್ತರವಿಲ್ಲ. ಚಿಲಕ ಸಡಿಲವಾಗಿದ್ದುದೇ ಪುಣ್ಯ. ಎತ್ತಿ ಗ್ಯಾಲರಿಗೆ ತಂದು, ಗಾಳಿಯಲ್ಲಿ ಮಲಗಿಸಿ, ಆಸ್ಪತ್ರೆಗೆ ಒಯ್ದರು. ಆಮ್ಲಜನಕ ಕೊಟ್ಟ ಮೇಲೆ ಹುಡುಗಿ ಉಳಿದಳು. ಆ ತಲೆನೋವೇ ನೋಟೀಸಾಗಿತ್ತು.

ಕಣ್ಣಿಗೆ ಕಾಣುವ ಸೂಚನೆಗಳೂ ಇವೆ. ಜ್ವಾಲೆ ನೀಲಿಯಾಗಿ, ಸ್ಥಿರವಾಗಿ ಉರಿಯಬೇಕು. ಹಳದಿ ತಿರುಗಿದರೆ, ಓಲಾಡಿದರೆ, ಪೆಟ್ಟಿಗೆಯ ಮೇಲ್ಭಾಗಕ್ಕೆ ಮಸಿ ಹತ್ತಿದರೆ ಬರ್ನರಿನಲ್ಲಿ ಧೂಳು ಕಟ್ಟಿದೆ, ಇಲ್ಲವೆ ಗಾಳಿ ಸಾಲದು. ಅಂದೇ ನಿಲ್ಲಿಸಿ. ಇಂಥ ಸೂಚನೆ ಒಂದೂ ಇಲ್ಲದೆಯೂ ಕಿಂಡಿ ಮುಚ್ಚಿದ ಬಚ್ಚಲು ಅಪಾಯವೇ; ಮೊದಲು ಮಿಂದವರು ಗಾಳಿ ಕೆಡಿಸಿಟ್ಟ ಕೋಣೆಗೆ ನಂತರದವರು ಹೋಗುತ್ತಾರೆ. ಗೀಸರನ್ನು ಬಚ್ಚಲ ಹೊರಗೆ, ಗಾಳಿಯಾಡುವ ಗ್ಯಾಲರಿಯಲ್ಲಿ ಕೂರಿಸಿ, ಹೊಗೆಯ ಕೊಳವೆಯನ್ನು ಗೋಡೆಯಾಚೆಗೆ ಬಿಡಿಸಿ, ಬಿಸಿನೀರಿನ ಪೈಪು ಮಾತ್ರ ಒಳಗೆ ತರುವುದೇ ಕ್ರಮ. ಹತ್ತು ಅಡಿ ಪೈಪಿನ ಖರ್ಚೆಂದು ಮೆಕ್ಯಾನಿಕ್ಕು ಬೇಡವೆಂದರೂ ನೀವು ಬೇಕೆನ್ನಿ. ಬಂದವನನ್ನು ಬರ್ನರು ಬಿಚ್ಚಿ ಉಜ್ಜುವವರೆಗೆ ಕಳುಹಿಸಬೇಡಿ. ಹೋಗುವಾಗ ಉರಿಸಿ, ಜ್ವಾಲೆಯ ಬಣ್ಣ ನಿಮಗೇ ತೋರಿಸಲಿ.