ಮಾರುಕಟ್ಟೆಗೆ ತಕರಾರು: ಎಲ್ಲಿ ನಿಲ್ಲುತ್ತದೆ, ಎಲ್ಲಿ ಬೀಳುತ್ತದೆ

ಕಡೂರು ಕಡೆಯ ಚೌಳಹಿರಿಯೂರಿನಂಥ ಊರಿನಲ್ಲಿ ಪಂಚಾಯಿತಿ ಹೊಸ ಮಾರುಕಟ್ಟೆ ಕಟ್ಟಲು ಹೊರಟಿತೆನ್ನಿ. ಅಕ್ಕಪಕ್ಕದ ಮನೆಯವರ ಮೊದಲ ಮಾತು: 'ಗಲಾಟೆ, ಗಲೀಜು, ನಮಗೆ ಬೇಡ.' ಕೋರ್ಟಿನಲ್ಲಿ ಈ ಮಾತು ಹೆಚ್ಚು ಹೊತ್ತು ನಿಲ್ಲದು. ವ್ಯಾಪಾರ ಮಾಡುವುದು ಸಂವಿಧಾನ ಕೊಟ್ಟ ಹಕ್ಕು. ಬೀದಿಬದಿ ಕೂತು ಮಾರುವವರಿಗೂ ಅದು ಸಲ್ಲುತ್ತದೆಂದು ಸುಪ್ರೀಂ ಕೋರ್ಟ್ 1989ರಲ್ಲಿ ಸೋದನ್ ಸಿಂಗ್ ಪ್ರಕರಣದಲ್ಲಿ ಹೇಳಿದೆ. ಇಂಥದೇ ಜಾಗ ಬೇಕೆಂದು ಹಟ ಹಿಡಿಯುವ ಹಕ್ಕಿಲ್ಲ ಎಂದೂ ಅದೇ ತೀರ್ಪು ಹೇಳುತ್ತದೆ. ಹಾಗಾಗಿ ತಕರಾರು ತೆಗೆಯುವವರು ಸಂತೆಯನ್ನು ಬಿಟ್ಟು ಸಂತೆ ಕೂರುವ ನೆಲವನ್ನು ನೋಡಬೇಕು.

ಪಹಣಿ ತೆಗೆಸಿ ನೋಡಿ. ಕಡೂರು, ತರೀಕೆರೆ, ಅಜ್ಜಂಪುರದ ಕಡೆ ಬಯಲೆಲ್ಲ ಖಾಲಿ ಜಾಗವಲ್ಲ. ಅದು ಗೋಮಾಳವಾಗಿರಬಹುದು, ಕೆರೆಯಂಗಳವಾಗಿರಬಹುದು, ಹಿಂದೆ ಅಮೃತಮಹಲ್ ದನಗಳಿಗೆಂದು ಬಿಟ್ಟ ಕಾವಲೂ ಆಗಿರಬಹುದು. ಗೋಮಾಳವನ್ನು ಬೇರೆ ಕೆಲಸಕ್ಕೆ ತಿರುಗಿಸಲು ಪಂಚಾಯಿತಿಯ ಠರಾವೊಂದೇ ಸಾಲದು, ಕಂದಾಯ ಇಲಾಖೆ ಒಪ್ಪಬೇಕು. ಪಂಜಾಬಿನ ಒಂದು ಊರಿನ ಕೆರೆ ಜಾಗದ ಒತ್ತುವರಿ ಸುಪ್ರೀಂ ಕೋರ್ಟಿಗೆ ಹೋದಾಗ, ಊರೊಟ್ಟಿನ ಜಮೀನು ಉಳಿಸಿಕೊಳ್ಳಬೇಕೆಂದು ಎಲ್ಲ ರಾಜ್ಯಗಳಿಗೂ ಆದೇಶವಾಯಿತು. 2011ರ ಆ ಜಗಪಾಲ್ ಸಿಂಗ್ ತೀರ್ಪನ್ನು ಹಳ್ಳಿಯ ವಕೀಲರೂ ಇಂದು ಎತ್ತಿ ತೋರಿಸುತ್ತಾರೆ.

ತಕರಾರು ತೆಗೆದವರಿಗೆ ಎದುರಾಗುವ 'ಕೇಳಲು ನೀನ್ಯಾರು?' ಎಂಬ ಪ್ರಶ್ನೆಗೆ ಉತ್ತರ ಬೆಂಗಳೂರಿನಿಂದಲೇ ಬಂತು. ಸದಾಶಿವನಗರದ ರಾಜಮಹಲ್ ವಿಲಾಸ್ ಬಡಾವಣೆಯ ನಕ್ಷೆಯಲ್ಲಿ ಪಾರ್ಕಿಗೆಂದು ಒಂದು ಜಾಗ ಗುರುತಾಗಿತ್ತು. ಮುಖ್ಯಮಂತ್ರಿಗಳ ಸೂಚನೆ ಬಂದದ್ದೇ ತಡ, ಬೆಂಗಳೂರು ಅಭಿವೃದ್ಧಿ ಪ್ರಾಧಿಕಾರ ಅದನ್ನು ಆಸ್ಪತ್ರೆ ಕಟ್ಟಲು ಖಾಸಗಿ ಟ್ರಸ್ಟಿಗೆ ಕೊಟ್ಟಿತು. ಆಸ್ಪತ್ರೆಯೂ ಒಳ್ಳೆಯದೇ ಅಲ್ಲವೇ? ನಿವಾಸಿಗಳು ಹೈಕೋರ್ಟಿಗೆ ಹೋದರು. ಏಕಸದಸ್ಯ ಪೀಠದಲ್ಲಿ ಸೋತರು, ಮೇಲ್ಮನವಿಯಲ್ಲಿ ಗೆದ್ದರು. 1991ರಲ್ಲಿ ಸುಪ್ರೀಂ ಕೋರ್ಟ್ ಆ ಗೆಲುವನ್ನು ಎತ್ತಿಹಿಡಿಯಿತು. ಪಾರ್ಕು ಹೋದರೆ ತೊಂದರೆ ಅಲ್ಲಿನವರಿಗೇ ತಾನೆ, ಕೇಳುವ ಹಕ್ಕೂ ಅವರಿಗುಂಟು ಎಂಬುದು ತೀರ್ಪಿನ ತಿರುಳು. ಯೋಜನೆ ಬದಲಿಸಲು ಕಾನೂನು ಹಾಕಿಕೊಟ್ಟ ದಾರಿಯನ್ನು ದೊಡ್ಡವರ ಒಂದು ಟಿಪ್ಪಣಿ ಬದಿಗೊತ್ತಲಾರದು ಎಂದೂ ಸಾರಿತು. ಬೆಂಗಳೂರು ಮೆಡಿಕಲ್ ಟ್ರಸ್ಟ್ ವಿರುದ್ಧ ಮುದ್ದಪ್ಪ ಎಂಬ ಈ ಪ್ರಕರಣ ದೇಶದ ಎಲ್ಲ ಹೈಕೋರ್ಟುಗಳಿಗೂ ಗೊತ್ತು. ನಮ್ಮ ಊರುಗಳಲ್ಲಿ ಇದರ ಹೆಸರು ಕೇಳಿದವರು ಕಡಿಮೆ ಎಂಬುದು ನನಗೆ ಬೇಸರದ ಸಂಗತಿ.

ಹಳೆಯ ಮಾರುಕಟ್ಟೆ ಕೆಡವುವ ಜಗಳ ಬೇರೆ ತರಹದ್ದು. ಮೈಸೂರಿನ ದೇವರಾಜ ಮಾರುಕಟ್ಟೆಯ ಒಂದು ಭಾಗ 2016ರ ಆಗಸ್ಟಿನಲ್ಲಿ ಕುಸಿಯಿತು. ಕೆಡವಬೇಕೆಂದು ಒಂದು ತಜ್ಞರ ತಂಡ, ದುರಸ್ತಿ ಸಾಕೆಂದು ಇನ್ನೊಂದು. ವ್ಯಾಜ್ಯ ಹೈಕೋರ್ಟಿನಲ್ಲಿ ವರ್ಷಗಟ್ಟಲೆ ಎಳೆಯಿತು. ಇಂಥಲ್ಲಿ ಊರಿನ ಅಭಿಮಾನಕ್ಕಿಂತ ಎಂಜಿನಿಯರ್ ವರದಿಯೇ ಹೆಚ್ಚು ತೂಗುತ್ತದೆ.

ಗಲೀಜಿಗೆ ಮದ್ದೇ ಇಲ್ಲವೆಂದಲ್ಲ. ಮಧ್ಯಪ್ರದೇಶದ ರತ್ಲಾಮಿನಲ್ಲಿ ತೆರೆದ ಚರಂಡಿಯ ನಾತ ತಾಳಲಾರದ ಜನ ಮ್ಯಾಜಿಸ್ಟ್ರೇಟರ ಬಳಿ ಹೋದರು. ದುಡ್ಡಿಲ್ಲ ಎಂದು ಪುರಸಭೆ ಕೈಚೆಲ್ಲುವಂತಿಲ್ಲವೆಂದು 1980ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಆ ದಾರಿ ಈಗ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 152ನೇ ಕಲಮಿನಲ್ಲಿದೆ. ತಹಶೀಲ್ದಾರರಿಗೂ ಕಾರ್ಯನಿರ್ವಾಹಕ ದಂಡಾಧಿಕಾರಿಯ ಅಧಿಕಾರ ಇರುವುದರಿಂದ ಇದಕ್ಕೆ ಬೆಂಗಳೂರಿನವರೆಗೆ ಹೋಗಬೇಕಿಲ್ಲ.

ಇನ್ನುಳಿದದ್ದು ಸಮಯ. ಬಾಯಿಮಾತಿನ ವಿರೋಧ ಕಡತಕ್ಕೆ ಸೇರುವುದಿಲ್ಲ. ಗ್ರಾಮಸಭೆಯಲ್ಲಿ ಎದ್ದು ಹೇಳಿದ್ದು ನಡಾವಳಿ ಪುಸ್ತಕದಲ್ಲಿ ಬರೆದಾಯಿತೇ ಎಂದು ನೋಡಬೇಕು. ಪಿಡಿಒಗೆ ಕೊಟ್ಟ ಅರ್ಜಿಗೆ ಸ್ವೀಕೃತಿ ಮೊಹರು ಹಾಕಿಸಬೇಕು. ಠರಾವು, ನಕ್ಷೆ, ಅಂದಾಜು ಪಟ್ಟಿಯ ನಕಲುಗಳನ್ನು ಮಾಹಿತಿ ಹಕ್ಕಿನಲ್ಲಿ ಕೇಳಿದರೆ 30 ದಿನದೊಳಗೆ ಉತ್ತರ ಕೊಡಬೇಕೆಂಬುದು 2005ರ ಕಾಯ್ದೆ. ಇವೆಲ್ಲ ಕೈಯಲ್ಲಿದ್ದು, ಬುನಾದಿ ಏಳುವ ಮುನ್ನ ರಿಟ್ ಅರ್ಜಿ ಹಾಕಿದರೆ ತಡೆಯಾಜ್ಞೆಗೆ ದಾರಿಯಿದೆ. ಮಳಿಗೆಗಳ ಹರಾಜು ಮುಗಿದು ಬಾಡಿಗೆದಾರರು ಒಳಗೆ ಕೂತ ಮೇಲೆ ಹೋದರೆ, ಇಷ್ಟು ದಿನ ಎಲ್ಲಿದ್ದಿರಿ ಎಂದೇ ನ್ಯಾಯಾಧೀಶರು ಮೊದಲು ಕೇಳುತ್ತಾರೆ.