ಉದ್ಯೋಗವೆಂದರೆ ಸಂಬಳವೇ?

ಆಕಾಶವಾಣಿಯಲ್ಲಿ ಅರ್ಥಶಾಸ್ತ್ರಜ್ಞರೊಬ್ಬರು ತರುಣರ ಉದ್ಯೋಗವನ್ನು ಕುರಿತು ಭಾಷಣ ಮಾಡುವಾಗ, ಆ ‘ಉದ್ಯೋಗ’ವೆಂಬ ಮಾತನ್ನು ತಾವು ತುಸು ಎಚ್ಚರದಿಂದ ಕೇಳಬೇಕು. ಸಂಸ್ಕೃತದಲ್ಲಿ ಅದಕ್ಕೆ ಯತ್ನವೆಂದು ಅರ್ಥ. ಮಹಾಭಾರತದ ಉದ್ಯೋಗಪರ್ವದಲ್ಲಿ ಯಾರೂ ನೌಕರಿಗೆ ಅರ್ಜಿ ಹಾಕಿದವರಲ್ಲ! ನಮ್ಮ ಮಂಗಳೂರಿನಲ್ಲಾದರೋ ಆ ಪದವು ಬ್ಯಾಂಕಿನ ಮೇಜಿಗೆ ಅಂಟಿಕೊಂಡುಬಿಟ್ಟಿತು.

ಅದಕ್ಕೆ ಕಾರಣವೂ ಉಂಟು. 1865ರಲ್ಲಿ ಜೆಪ್ಪುವಿನಲ್ಲಿ ಬಾಸೆಲ್ ಮಿಶನ್ನಿನವರು ಹಂಚಿನ ಕಾರ್ಖಾನೆ ಹೂಡಿ ಮೈಮುರಿದು ದುಡಿಯುವವರಿಗೆ ದಾರಿ ಮಾಡಿದರು. ಓದು ಬರಹ ಬಲ್ಲವರಿಗೆ ಕೆನರಾ (1906), ಕರ್ಣಾಟಕ (1924), ವಿಜಯಾ (1931) ಬ್ಯಾಂಕುಗಳು ಊರಿನಲ್ಲಿಯೇ ಹುಟ್ಟಿದವು. ಮಗನಿಗೆ ಬ್ಯಾಂಕಿನಲ್ಲಿ ಕೆಲಸವಾಯಿತೆಂದರೆ ಮನೆಯ ಚಿಂತೆ ಕಳೆದಂತೆಯೇ. ವಿಜಯಾ ಬ್ಯಾಂಕು 2019ರಲ್ಲಿ ಬ್ಯಾಂಕ್ ಆಫ್ ಬರೋಡಾದಲ್ಲಿ ಲೀನವಾಯಿತು. ಆ ಹಳೆಯ ನಂಬಿಕೆ ಮಾತ್ರ ಇನ್ನೂ ನಮ್ಮ ಮನೆಗಳಲ್ಲಿ ಉಳಿದಿದೆ.

ಈ ಬ್ಯಾಂಕುಗಳ ಜಿಲ್ಲೆಯಿಂದಲೇ ಬೇರೊಂದು ವಿಚಾರವೂ ಹೊರಟಿತು. 1982ರಲ್ಲಿ ಧರ್ಮಸ್ಥಳದ ಡಾ. ವೀರೇಂದ್ರ ಹೆಗ್ಗಡೆಯವರು ಕೆನರಾ ಮತ್ತು ಸಿಂಡಿಕೇಟ್ ಬ್ಯಾಂಕುಗಳೊಡನೆ ಕೂಡಿ ಉಜಿರೆಯಲ್ಲಿ ‘ರುಡ್‌ಸೆಟ್’ ಸಂಸ್ಥೆಯನ್ನು ತೆರೆದರು. ಹಳ್ಳಿಯ ತರುಣ ತರುಣಿಯರಿಗೆ ಅಲ್ಲಿ ಊಟ, ವಸತಿ, ಶಿಕ್ಷಣ ಎಲ್ಲವೂ ಉಚಿತ. ಕೆಲವೇ ವಾರಗಳ ಪಾಠ. ಹೊಲಿಗೆಯೋ ಹೈನುಗಾರಿಕೆಯೋ ಯಂತ್ರ ದುರಸ್ತಿಯೋ, ಕಸುಬನ್ನು ಕಲಿಸುವುದರ ಜೊತೆಗೆ ಲೆಕ್ಕವಿಡುವುದನ್ನೂ, ಗಿರಾಕಿಯೊಡನೆ ಮಾತಾಡುವುದನ್ನೂ, ಸಾಲಕ್ಕಾಗಿ ಬ್ಯಾಂಕಿನ ಮೆಟ್ಟಿಲೇರುವುದನ್ನೂ ಕಲಿಸುತ್ತಾರೆ. ನನಗೆ ಮುಖ್ಯವೆನಿಸುವುದು ಇದಾವುದೂ ಅಲ್ಲ. ಕಲಿತು ಹೋದವರ ಬೆನ್ನಹಿಂದೆ ಎರಡು ವರ್ಷ ನಿಲ್ಲುವ ಕ್ರಮ ಅಲ್ಲಿದೆ. ಹೊಸ ಅಂಗಡಿ ಸೋಲುವುದಿದ್ದರೆ ಆ ಕಾಲದಲ್ಲಿಯೇ ತಾನೆ? 2009ರಲ್ಲಿ ಕೇಂದ್ರ ಸರಕಾರವು ಇದೇ ಮಾದರಿಯನ್ನು ಹಿಡಿದು, ಜಿಲ್ಲೆಗೊಂದರಂತೆ ಬ್ಯಾಂಕುಗಳ ಮೂಲಕ ತರಬೇತಿ ಸಂಸ್ಥೆಗಳನ್ನು ತೆರೆಯಿಸಲು ಹೊರಟಿತು.

ಹಾಗೆಂದು, ಸ್ವಂತ ಉದ್ಯೋಗವನ್ನು ಹೊಗಳುವ ತಜ್ಞರ ಮಾತನ್ನೆಲ್ಲ ಒಪ್ಪಬೇಕಾಗಿಲ್ಲ. ಸರಕಾರಿ ಸಮೀಕ್ಷೆಯ ವಾರದ ಲೆಕ್ಕದಲ್ಲಿ, ಹಿಂದಿನ 7 ದಿನಗಳಲ್ಲಿ 1 ಗಂಟೆ ದುಡಿದವನೂ ಉದ್ಯೋಗಸ್ಥನೇ. ಬಂದರಿನ ಓಣಿಯಲ್ಲಿ ತಂದೆಯ ಜೀನಸಿನಂಗಡಿಯಲ್ಲಿ ಕಾಸಿಲ್ಲದೆ ತಕ್ಕಡಿ ಹಿಡಿಯುವ ಪದವೀಧರನನ್ನೂ ಸ್ವಉದ್ಯೋಗಿಗಳ ಸಾಲಿನಲ್ಲಿಯೇ ಎಣಿಸುತ್ತಾರೆ. ಕೆಲಸವನ್ನು ಹುಡುಕದೆ, ಕೆಲಸಕ್ಕೆ ಸಿದ್ಧಳೆಂದೂ ಹೇಳದೆ ಮನೆಯಲ್ಲಿ ಕುಳಿತ ಮಗಳು ನಿರುದ್ಯೋಗಿಗಳ ಲೆಕ್ಕಕ್ಕೇ ಬರುವುದಿಲ್ಲ. ಅಂಕಿ ಸುಳ್ಳಲ್ಲ, ಆದರೆ ತಾವು ಕೇಳಿದ ಪ್ರಶ್ನೆಗೆ ಅದು ಉತ್ತರವೂ ಅಲ್ಲ.

ಮುಂದಿನ ಭಾಷಣದಲ್ಲಿ ಇಷ್ಟು ಸಾವಿರ ಮಂದಿಗೆ ತರಬೇತಿಯಾಯಿತೆಂಬ ಮಾತು ಬಂದರೆ, ನಿಲಯಕ್ಕೆ ಒಂದು ಕಾಗದ ಬರೆದು ಕೇಳಿ: ಅವರಲ್ಲಿ ಎಷ್ಟು ಮಂದಿಗೆ ಸಾಲ ಸಿಕ್ಕಿತು, ಎರಡು ವರ್ಷ ಕಳೆದ ಮೇಲೆ ಎಷ್ಟು ಅಂಗಡಿಗಳ ಬಾಗಿಲು ತೆರೆದಿದೆ?